ಗಾಳಿ ಬೀಸಿದಾಗ ಬಾಟಮ್ ಕಾರ್ಡಿಗೆ ಏನಾಗುತ್ತದೆ?

ಗೋದಾಮು, ಕಲ್ಯಾಣ ಮಂಟಪ, ಅಡಿಕೆ ಶೆಡ್ಡುಗಳ ನಕ್ಷೆಯನ್ನು ಪರಿಶೀಲನೆಗೆ ತರುವವರು ಟ್ರಸ್ಸಿನ (ಛಾವಣಿಯನ್ನು ಹೊರುವ ತ್ರಿಕೋನ ಜೋಡಣೆಯ ಉಕ್ಕಿನ ಚೌಕಟ್ಟಿನ) ಟಾಪ್ ಕಾರ್ಡಿನ, ಅಂದರೆ ಮೇಲಂಚಿನ ಭಾಗದ, ಲೆಕ್ಕವನ್ನು ಬಹಳ ಎಚ್ಚರದಿಂದ ಮಾಡಿರುತ್ತಾರೆ. ಕೆಳಂಚಿನ ಬಾಟಮ್ ಕಾರ್ಡನ್ನು ಮಾತ್ರ ಎಳೆತದ ಭಾಗವೆಂದು ಹೇಳಿ ತೆಳುವಾಗಿಯೇ ಬಿಟ್ಟಿರುತ್ತಾರೆ. ಛಾವಣಿಯ ಭಾರ ಕೆಳಮುಖವಾಗಿರುವವರೆಗೆ ಇದರಲ್ಲಿ ತಪ್ಪಿಲ್ಲ. ಎರಡು ತುದಿಗಳಲ್ಲಿ ಆಧಾರವಿರುವ ಟ್ರಸ್ಸಿನ ಮೇಲ್ಭಾಗ ಸಂಪೀಡನಕ್ಕೂ (ಒತ್ತುವ ಬಲಕ್ಕೂ) ಕೆಳಭಾಗ ಎಳೆತಕ್ಕೂ ಒಳಗಾಗುತ್ತದೆ. ಯಾವುದೇ ಭಾಗದ ಸ್ವಭಾವ ತಿಳಿಯಬೇಕಾದರೆ ಅದರ ಜಾಗದಲ್ಲಿ ಹಗ್ಗ ಕಟ್ಟಿದ್ದೇವೆಂದು ಭಾವಿಸಿ ನೋಡಿ: ಟ್ರಸ್ ನಿಂತರೆ ಅದು ಎಳೆತದ ಭಾಗ, ಹಗ್ಗ ಸಡಿಲವಾಗಿ ಟ್ರಸ್ ಕುಸಿದರೆ ಸಂಪೀಡನದ ಭಾಗ.

ತೊಂದರೆ ಶುರುವಾಗುವುದು ಗಾಳಿಯಿಂದ. ಶೀಟು, ಅದನ್ನು ಹೊರುವ ಅಡ್ಡಪಟ್ಟಿಗಳಾದ ಪರ್ಲಿನ್, ಟ್ರಸ್ ಎಲ್ಲ ಸೇರಿದರೂ ಹಗುರ ಛಾವಣಿಯ ತೂಕ ಸಾಮಾನ್ಯವಾಗಿ ಚದರ ಮೀಟರಿಗೆ 20ರಿಂದ 30 ಕೆಜಿ. ಮಂಗಳೂರಿಗೆ ಭಾರತೀಯ ಮಾನಕ ಕೊಡುವ ಮೂಲ ಗಾಳಿವೇಗ ಸೆಕೆಂಡಿಗೆ 39 ಮೀಟರ್, 0.6ನ್ನು ವೇಗದ ವರ್ಗದಿಂದ ಗುಣಿಸಿದರೆ ಚದರ ಮೀಟರಿಗೆ ಸುಮಾರು 913 ನ್ಯೂಟನ್, ಅಂದರೆ 93 ಕೆಜಿಯಷ್ಟು ಒತ್ತಡ. ಅದರ ಅರ್ಧದಷ್ಟು ಬಲ ಛಾವಣಿಯನ್ನು ಮೇಲಕ್ಕೆ ಎಳೆದರೂ ತೂಕ ಸೋಲುತ್ತದೆ. ಬದಿಗಳು ತೆರೆದಿದ್ದು ಒಳಗೆ ನುಗ್ಗಿದ ಗಾಳಿಯೂ ಕೆಳಗಿನಿಂದ ತಳ್ಳುವ ಶೆಡ್ಡುಗಳಲ್ಲಿ ಅಪಾಯ ಇನ್ನೂ ಹೆಚ್ಚು. ಆಗ ಬಲಗಳೆಲ್ಲ ತಿರುಗಿ, ಬಾಟಮ್ ಕಾರ್ಡ್ ಸಂಪೀಡನಕ್ಕೆ ಬೀಳುತ್ತದೆ.

ಒಂದು ಲೆಕ್ಕ ನೋಡೋಣ. 12 ಮೀಟರ್ ಅಗಲದ ಟ್ರಸ್ಸಿಗೆ L ಆಕಾರದ, 50×50×6 ಮಿ.ಮೀ. ಅಳತೆಯ ಎರಡು ಆಂಗಲ್‌ಗಳನ್ನು ನಡುವೆ 8 ಮಿ.ಮೀ. ದಪ್ಪದ ಗಸೆಟ್ ಪ್ಲೇಟ್ (ಜೋಡಣೆಯ ತಗಡು) ಇಟ್ಟು ಬಾಟಮ್ ಕಾರ್ಡಾಗಿ ಬಳಸಿದ್ದಾರೆ ಎನ್ನಿ. 250 ಗ್ರೇಡಿನ ಈ ಉಕ್ಕು ಎಳೆತದಲ್ಲಿ ಸುಮಾರು 284 ಕಿಲೋನ್ಯೂಟನ್ನಿನವರೆಗೆ ಯೀಲ್ಡ್ ಆಗುವುದಿಲ್ಲ, ಅಂದರೆ ಶಾಶ್ವತವಾಗಿ ಹಿಗ್ಗುವುದಿಲ್ಲ. ಸಂಪೀಡನದಲ್ಲಾದರೋ ಉಕ್ಕಿನ ಶಕ್ತಿಗಿಂತ ಮೊದಲು ಅದರ ಉದ್ದವೇ ಸೋಲುತ್ತದೆ. ಟಾಪ್ ಕಾರ್ಡನ್ನು ಪರ್ಲಿನ್‌ಗಳು ಅಕ್ಕಪಕ್ಕಕ್ಕೆ ಸರಿಯದಂತೆ ಹಿಡಿದಿರುತ್ತವೆ, ಬಾಟಮ್ ಕಾರ್ಡನ್ನು ಹಿಡಿಯುವವರಿಲ್ಲ. ಟ್ರಸ್ಸಿನ ಸಮತಲದಲ್ಲಿ, ಅಂದರೆ ಮೇಲೆ-ಕೆಳಗೆ ಬಾಗುವ ದಿಕ್ಕಿನಲ್ಲಿ, ಅದರ ಉದ್ದ ಒಂದು ಪ್ಯಾನೆಲ್ಲಿನಷ್ಟೇ (ಎರಡು ಜೋಡಣೆಗಳ ನಡುವಿನ ಅಂತರ) ಆದರೂ ಪಕ್ಕಕ್ಕೆ ಬಾಗುವ ದಿಕ್ಕಿನಲ್ಲಿ ಪೂರ್ತಿ 12 ಮೀಟರ್. ಅಲ್ಲಿಗೆ ಸ್ಲೆಂಡರ್‌ನೆಸ್ ಅನುಪಾತ (ಉದ್ದಕ್ಕೆ ಹೋಲಿಸಿದರೆ ಭಾಗ ಎಷ್ಟು ತೆಳು ಎಂಬ ಅಳತೆ) 500 ದಾಟುತ್ತದೆ, ಆಯ್ಲರ್ ಸೂತ್ರದ ಪ್ರಕಾರ ಅದು ಬಾಗುವ ಬಲ ಸುಮಾರು 9 ಕಿಲೋನ್ಯೂಟನ್. ಈ ಬಲ ಉದ್ದದ ವರ್ಗಕ್ಕೆ ವಿಲೋಮವಾಗಿರುವುದರಿಂದ ಪ್ರತಿ 4 ಮೀಟರಿಗೆ ಪಕ್ಕಕ್ಕೆ ಸರಿಯದಂತೆ ಹಿಡಿಯುವ ಒಂದು ಟೈ ಕೊಟ್ಟರೆ ಒಂಬತ್ತು ಪಟ್ಟು ಏರಿ 80ರ ಹತ್ತಿರ ಬರುತ್ತದೆ, ಅನುಪಾತವೂ 167ಕ್ಕೆ ಇಳಿಯುತ್ತದೆ.

ಉಕ್ಕಿನ ಕಟ್ಟಡಗಳ ಭಾರತೀಯ ಮಾನಕ ಐಎಸ್ 800:2007ರಲ್ಲಿ ಛಾವಣಿ ಟ್ರಸ್ಸಿನ ಎಳೆತದ ಭಾಗಕ್ಕೆ ಈ ಅನುಪಾತದ ಮಿತಿ 350ರವರೆಗೆ ಇದೆಯಲ್ಲ ಎಂದು ಕೆಲವರು ವಾದಿಸುತ್ತಾರೆ. ಬಲ ತಿರುಗಿದಾಗ ಕೆಲಸಕ್ಕೆ ಬಾರದು ಎಂದು ಲೆಕ್ಕದಿಂದ ಕೈಬಿಟ್ಟ ಭಾಗಕ್ಕಷ್ಟೇ ಆ ಮಿತಿ ಅನ್ವಯಿಸುತ್ತದೆ; ಬಾಟಮ್ ಕಾರ್ಡನ್ನು ಕೈಬಿಟ್ಟರೆ ಟ್ರಸ್ಸೇ ಉಳಿಯುವುದಿಲ್ಲವಾದ್ದರಿಂದ ಅದರ ಸಂಪೀಡನ ಬಲವನ್ನು ಲೆಕ್ಕ ಹಾಕಲೇಬೇಕು.

ಟೈ ಕೊಟ್ಟ ಮಾತ್ರಕ್ಕೆ ಕೆಲಸ ಮುಗಿಯಲಿಲ್ಲ. ಫ್ಯಾಬ್ರಿಕೇಟರುಗಳು ಹಲವು ಸಲ ಒಂದು ಟ್ರಸ್ಸಿನ ಬಾಟಮ್ ಕಾರ್ಡನ್ನು ಮುಂದಿನದಕ್ಕೆ ಪೈಪಿನಿಂದ ಜೋಡಿಸಿ ಅಲ್ಲಿಗೇ ನಿಲ್ಲಿಸುತ್ತಾರೆ. ಹಾಗೆ ಮಾಡಿದರೆ ಎಲ್ಲ ಟ್ರಸ್ಸುಗಳೂ ಒಟ್ಟಿಗೆ ಒಂದೇ ಕಡೆಗೆ ಬಾಗಬಹುದು. ಆ ಪೈಪುಗಳ ಸಾಲು ಶೆಡ್ಡಿನ ತುದಿಯ ಅಂಕಣದಲ್ಲಿ, ಬಾಟಮ್ ಕಾರ್ಡಿನ ಮಟ್ಟದಲ್ಲೇ ಇರುವ ಕ್ರಾಸ್ ಬ್ರೇಸಿಂಗಿಗೆ (X ಆಕಾರದ ಓರೆ ಪಟ್ಟಿಗಳಿಗೆ) ಸೇರಿ, ಅಲ್ಲಿಂದ ಕಂಬಗಳ ಬ್ರೇಸಿಂಗ್ ಮೂಲಕ ಪಾಯದವರೆಗೆ ಬಲವನ್ನು ಒಯ್ಯುವಂತಿರಬೇಕು.