90 ದಿನ ದಾಟಿದ ತಕರಾರು: ಒಂದು ಗಡುವಿನ ಕಥೆ

ಸಿವಿಲ್ ದಾವೆಯಲ್ಲಿ ಪ್ರತಿವಾದಿಯ ದಿನಗಣನೆ ಶುರುವಾಗುವುದು ಕೋರ್ಟಿನಲ್ಲಲ್ಲ, ಅವನ ಮನೆ ಬಾಗಿಲಲ್ಲಿ. ಅಮೀನ (ಕೋರ್ಟಿನ ಕಾಗದ ಮುಟ್ಟಿಸುವ ನೌಕರ) ತಂದ ಸಮನ್ಸಿನ ಜೊತೆ ದಾವಾ ಪತ್ರದ ನಕಲು ಇರಬೇಕು. ಅದನ್ನು ಪಡೆದು ರುಜು ಹಾಕಿದ ದಿನದಿಂದ ಗಡುವು ಓಡುತ್ತದೆ. ಎಷ್ಟೋ ಜನ ಆ ಕಾಗದವನ್ನು ಮಡಚಿ ಬೀರುವಿನಲ್ಲಿಟ್ಟು, ವಾಯಿದೆ, ಅಂದರೆ ಕೋರ್ಟಿಗೆ ಹಾಜರಾಗಬೇಕಾದ ದಿನ, ಹತ್ತಿರ ಬಂದಾಗ ವಕೀಲರನ್ನು ಹುಡುಕುತ್ತಾರೆ. ಅಷ್ಟರಲ್ಲಿ ತಿಂಗಳು ಕಳೆದಿರುತ್ತದೆ.

ದಾವೆಗೆ ಪ್ರತಿವಾದಿ ಬರೆದು ಕೊಡುವ ಉತ್ತರವೇ ತಕರಾರು. ವಕೀಲರ ಬಾಯಲ್ಲಿ ರಿಟನ್ ಸ್ಟೇಟ್‌ಮೆಂಟ್. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆ ಜಾರಿಗೆ ಬಂದಾಗ ಇದಕ್ಕೆ ಇಷ್ಟೇ ದಿನ ಎಂಬ ಲೆಕ್ಕವಿರಲಿಲ್ಲ. ಮೊದಲ ವಿಚಾರಣೆಯ ಹೊತ್ತಿಗೆ, ಇಲ್ಲವೇ ಕೋರ್ಟು ಕೊಟ್ಟ ಸಮಯದೊಳಗೆ ಸಲ್ಲಿಸಿದರೆ ಸಾಕಿತ್ತು. 1976ರ ತಿದ್ದುಪಡಿ ತಕರಾರನ್ನು ಕಡ್ಡಾಯ ಮಾಡಿತು, ಗಡುವನ್ನು ಮಾತ್ರ ಹಾಕಲಿಲ್ಲ.

ಪರಿಣಾಮ ಏನೆಂಬುದು ಯಾವುದೇ ಹಳೆಯ ಪಾಲು ದಾವೆಯ ಆರ್ಡರ್ ಶೀಟ್ (ಪ್ರತಿ ವಾಯಿದೆಯಲ್ಲಿ ನಡೆದದ್ದನ್ನು ಬರೆದಿಡುವ ಹಾಳೆ) ತಿರುವಿದರೆ ಗೊತ್ತಾಗುತ್ತದೆ. "ವಕಾಲತ್ತು ಸಲ್ಲಿಸಿದೆ. ತಕರಾರಿಗೆ ಸಮಯ ಕೋರಿದೆ." ಮುಂದಿನ ವಾಯಿದೆಗೂ ಅದೇ ಸಾಲು, ಅದರ ಮುಂದಿನದಕ್ಕೂ ಅದೇ. ಜಮೀನು ಯಾರ ಸ್ವಾಧೀನದಲ್ಲಿದೆಯೋ ಅವರಿಗೆ ಪ್ರತಿ ವಾಯಿದೆಯೂ ಇನ್ನೊಂದು ಬೆಳೆ. ಪಾಲು ಕೇಳಿ ಬಂದ ಹೆಣ್ಣುಮಗಳಿಗೆ ಬಸ್ ಚಾರ್ಜು ಮತ್ತು ಒಂದು ದಿನದ ಕೂಲಿ ನಷ್ಟ. ತಕರಾರು ಬಾರದೆ ವಿವಾದಾಂಶಗಳನ್ನು (ಕೋರ್ಟು ತೀರ್ಮಾನಿಸಬೇಕಾದ ಪ್ರಶ್ನೆಗಳನ್ನು) ರಚಿಸಲಾಗದು, ಅವಿಲ್ಲದೆ ಸಾಕ್ಷಿ ವಿಚಾರಣೆ ಶುರುವಾಗದು. ಇಡೀ ದಾವೆಯನ್ನು ಹೊಸ್ತಿಲಲ್ಲೇ ನಿಲ್ಲಿಸಲು ಸುಮ್ಮನಿದ್ದರೆ ಸಾಕಿತ್ತು.

1999ರ ತಿದ್ದುಪಡಿ ಇದಕ್ಕೆ 30 ದಿನಗಳ ಕಡಿವಾಣ ಹಾಕಿತು. ವಕೀಲರು ಬೀದಿಗಿಳಿದು ವಿರೋಧಿಸಿದರು. 2002ರಲ್ಲಿ ಮತ್ತೊಂದು ತಿದ್ದುಪಡಿ ಬಂತು: 30 ದಿನವೇ ನಿಯಮ, ಆದರೆ ನ್ಯಾಯಾಧೀಶರು ಕಾರಣ ಬರೆದಿಟ್ಟು 90 ದಿನದವರೆಗೆ ಅವಕಾಶ ಕೊಡಬಹುದು. ಎರಡೂ ತಿದ್ದುಪಡಿಗಳು ಜಾರಿಯಾದದ್ದು 2002ರ ಜುಲೈ 1ರಂದು.

ಹಾಗಾದರೆ 91ನೇ ದಿನ? 2005ರಲ್ಲಿ ಕೈಲಾಶ್ ವಿರುದ್ಧ ನನ್ಹಕು ಪ್ರಕರಣದಲ್ಲಿ ಮುಖ್ಯ ನ್ಯಾಯಮೂರ್ತಿ ಆರ್.ಸಿ. ಲಾಹೋಟಿ ಅವರಿದ್ದ ಸುಪ್ರೀಂ ಕೋರ್ಟ್ ಪೀಠ ಉತ್ತರ ಕೊಟ್ಟಿತು. ಗಡುವು ಮೀರಿದರೆ ಏನು ಶಿಕ್ಷೆ ಎಂದು ನಿಯಮ ಹೇಳಿಲ್ಲ, ಆದ್ದರಿಂದ ಅದು ನಿರ್ದೇಶನಾತ್ಮಕವೇ (ದಾರಿ ತೋರುವ ಸೂಚನೆಯೇ) ಹೊರತು ಕಡ್ಡಾಯವಲ್ಲ ಎಂದಿತು. ಜೊತೆಗೇ, ಮಾಮೂಲಿಯಾಗಿ ಸಮಯ ಕೊಡಕೂಡದು, ಅಪರೂಪದ ಕಷ್ಟಕ್ಕೆ ಮಾತ್ರ ಕೊಡಬೇಕು, ಕಾರಣ ಬರೆಯಬೇಕು, ಅಗತ್ಯವಿದ್ದರೆ ಕಾಸ್ಟ್ (ತಡ ಮಾಡಿದವರು ತೆರಬೇಕಾದ ಖರ್ಚು) ಹಾಕಬೇಕು ಎಂದೂ ಹೇಳಿತು. ಅದೇ ವರ್ಷ ಸೇಲಂ ವಕೀಲರ ಸಂಘದ ಪ್ರಕರಣದಲ್ಲೂ ಇದೇ ಮಾತು ಬಂತು. ಕೈಲಾಶ್ ತೀರ್ಪಿನ ಮೊದಲ ಅರ್ಧ ಎಲ್ಲ ವಕೀಲರಿಗೂ ಬಾಯಿಪಾಠ. ಎರಡನೇ ಅರ್ಧವನ್ನು ಓದಿ ಹೇಳುವವರು ಕಡಿಮೆ, ನನಗೆ ಬೇಸರವಾಗುವುದು ಅಲ್ಲೇ.

2015ರ ವಾಣಿಜ್ಯ ನ್ಯಾಯಾಲಯಗಳ ಕಾಯ್ದೆ ವಾಣಿಜ್ಯ ದಾವೆಗಳ ಮಟ್ಟಿಗೆ ಆ ಸಡಿಲಿಕೆಗೆ ಬೀಗ ಜಡಿಯಿತು. 120 ದಿನ ದಾಟಿದರೆ ತಕರಾರು ಸಲ್ಲಿಸುವ ಹಕ್ಕೇ ಹೋಗುತ್ತದೆ, ಕೋರ್ಟು ಅದನ್ನು ಕಡತಕ್ಕೆ ಸೇರಿಸುವಂತಿಲ್ಲ. 2019ರಲ್ಲಿ ಎಸ್‌ಸಿಜಿ ಕಾಂಟ್ರ್ಯಾಕ್ಟ್ಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನು ಎತ್ತಿಹಿಡಿಯಿತು. ಮರುವರ್ಷ ದೇಶ್ ರಾಜ್ ಪ್ರಕರಣದಲ್ಲಿ, ವಾಣಿಜ್ಯೇತರ ದಾವೆಗಳಿಗೆ ಹಳೆಯ ಸಡಿಲ ನಿಯಮವೇ ಮುಂದುವರಿಯುತ್ತದೆ ಎಂದಿತು. ಕೊರೊನಾ ಕಾಲದ 2020ರ ಮಾರ್ಚ್ 15ರಿಂದ 2022ರ ಫೆಬ್ರುವರಿ 28ರವರೆಗಿನ ದಿನಗಳನ್ನು ಲೆಕ್ಕದಿಂದ ಬಿಟ್ಟದ್ದು ಬೇರೆ ಮಾತು.

ಈಗ ಒಬ್ಬ ವ್ಯಾಪಾರಿಗೆ ಒಂದೇ ದಿನ ಎರಡು ಸಮನ್ಸ್ ಬಂದವು ಎಂದುಕೊಳ್ಳಿ. ಒಂದು, ಸರಕಿನ ಬಾಕಿ 4 ಲಕ್ಷ ರೂಪಾಯಿಯ ವಾಣಿಜ್ಯ ದಾವೆ. 3 ಲಕ್ಷದಿಂದ ಮೇಲಿನ ವಾಣಿಜ್ಯ ವ್ಯಾಜ್ಯಕ್ಕೆ ಬಿಗಿ ನಿಯಮವೇ ಅನ್ವಯ. ಇನ್ನೊಂದು, ಅಪ್ಪನ ಮನೆಯ ಪಾಲಿನ ದಾವೆ. 121ನೇ ದಿನ ಮೊದಲನೆಯದರಲ್ಲಿ ಬಾಗಿಲು ಮುಚ್ಚಿರುತ್ತದೆ. ವಾದಿಯ ಸಾಕ್ಷಿಯನ್ನು ಪಾಟಿ ಸವಾಲಿಗೆ (ಎದುರು ಪ್ರಶ್ನೆಗೆ) ಒಳಪಡಿಸಬಹುದು, ತನ್ನದೇ ಕಥೆ ಹೇಳಲಾಗದು. ತಕರಾರಿಲ್ಲ ಎಂದಮಾತ್ರಕ್ಕೆ ಕಣ್ಣುಮುಚ್ಚಿ ವಾದಿಯ ಪರ ಡಿಕ್ರಿ ಕೊಡಬಾರದೆಂದು ಬಲರಾಜ್ ತನೇಜಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 1999ರಲ್ಲೇ ಹೇಳಿದ್ದಷ್ಟೇ ಅವನಿಗಿರುವ ಆಸರೆ. ಎರಡನೆಯದರಲ್ಲಿ ಒಂದು ಅರ್ಜಿ, ಒಂದು ಪ್ರಮಾಣಪತ್ರ, ಸ್ವಲ್ಪ ಕಾಸ್ಟಿನಿಂದ ಇನ್ನೂ ಒಳಹೋಗಬಹುದು.

ಆ ಅರ್ಜಿಯ ಮೇಲೆ "ಮಂಜೂರು" ಎಂಬ ಒಂದೇ ಪದ ಬೀಳುತ್ತದೋ, ತಡವಾದ ಒಂದೊಂದು ದಿನಕ್ಕೂ ಕಾರಣ ಕೇಳಿ ಬರೆದ ನಾಲ್ಕು ಸಾಲಿರುತ್ತದೋ? ಕೋರ್ಟಿನ ಹಿಂದಿನ ಬೆಂಚಿನಲ್ಲಿ ಕೂತ ಆ ಹೆಣ್ಣುಮಗಳಿಗೆ 2002ರ ಕಾನೂನು ಮಾತುಕೊಟ್ಟಿದ್ದು ಆ ನಾಲ್ಕು ಸಾಲನ್ನು.