ಪಹಣಿಯಲ್ಲಿ ಖುಷ್ಕಿ, ಹೊಲದಲ್ಲಿ ಕಬ್ಬು: ಭೂ ಪರಿಹಾರದ ಲೆಕ್ಕದ ಹಿಂದಿನ ಕಥೆ

2025ರ ಸೆಪ್ಟೆಂಬರ್‌ನಲ್ಲಿ ರಾಜ್ಯ ಸಚಿವ ಸಂಪುಟ ಕೃಷ್ಣಾ ಮೇಲ್ದಂಡೆ ಯೋಜನೆಯ ಮೂರನೇ ಹಂತಕ್ಕೆ ಪರಿಹಾರದ ದರ ತೀರ್ಮಾನಿಸಿತು. ಆಲಮಟ್ಟಿಯಲ್ಲಿ ನೀರು ನಿಲ್ಲಿಸುವ ಮಟ್ಟವನ್ನು 519.6 ಮೀಟರ್‌ನಿಂದ 524.256 ಮೀಟರ್‌ಗೆ ಏರಿಸಿದರೆ ಮುಳುಗುವ ಜಮೀನಿಗೆ ಈ ದರ. ನೀರಾವರಿಯಾದರೆ ಎಕರೆಗೆ 40 ಲಕ್ಷ ರೂಪಾಯಿ, ಮಳೆ ನಂಬಿದ ಖುಷ್ಕಿಯಾದರೆ 30 ಲಕ್ಷ.

ಈಗ ಒಂದು ಹೊಲವನ್ನು ಕಣ್ಣ ಮುಂದೆ ತಂದುಕೊಳ್ಳಿ. ಬೋರ್‌ವೆಲ್ ಕೊರೆಸಿ ಎಷ್ಟೋ ವರ್ಷವಾಗಿದೆ. ಆಳೆತ್ತರ ಕಬ್ಬು ನಿಂತಿದೆ. ಪಹಣಿ ತೆಗೆಸಿದರೆ ಅದರಲ್ಲಿ ಇನ್ನೂ ‘ಖುಷ್ಕಿ’ ಅಂತಲೇ ಇದೆ. ಯಾರೂ ತಿದ್ದಿಸಿಲ್ಲ, ತಿದ್ದಿಸುವ ಅಗತ್ಯವೂ ಬಿದ್ದಿರಲಿಲ್ಲ. ಈಗ ಆ ಒಂದು ಪದಕ್ಕೆ ಎಕರೆಗೆ 10 ಲಕ್ಷದ ಬೆಲೆ.

ಪರಿಹಾರ ಅಂದರೆ ‘ಎಷ್ಟು ಪಟ್ಟು ಕೊಡುತ್ತಾರೆ’ ಅಂತ ಕೇಳುವುದು ರೂಢಿ. ಅದಕ್ಕಿಂತ ಮೊದಲು ಕೇಳಬೇಕಾದದ್ದು ಬೇರೆ ಇದೆ: ಯಾವ ಮೊತ್ತಕ್ಕೆ ಅಷ್ಟು ಪಟ್ಟು?

ಈ ಲೆಕ್ಕದ ಬುಡ 1894ರ ಭೂಸ್ವಾಧೀನ ಕಾಯ್ದೆಯಲ್ಲಿದೆ. ಬ್ರಿಟಿಷರು ಮಾಡಿದ ಕಾಯ್ದೆ, ನೂರಕ್ಕೂ ಹೆಚ್ಚು ವರ್ಷ ನಡೆಯಿತು. ಜಮೀನು ಬೇಕು ಎಂದು ಸರ್ಕಾರ ಮೊದಲು ಸಾರುವ ಪ್ರಾಥಮಿಕ ಅಧಿಸೂಚನೆ ಹೊರಬಿದ್ದ ದಿನ ಜಮೀನಿಗೆ ಪೇಟೆಯಲ್ಲಿ ಎಷ್ಟು ಬೆಲೆ ಇತ್ತೋ ಅಷ್ಟು ಕೊಡಬೇಕು ಎಂದು ಅದು ಹೇಳಿತು. ಯಾವುದನ್ನು ಲೆಕ್ಕಕ್ಕೆ ತಗೋಬಾರದು ಅಂತಲೂ ಬರೆದಿಟ್ಟಿತು. ಯೋಜನೆ ಬಂದ ಮೇಲೆ ಜಮೀನಿನ ಬೆಲೆ ಏರಬಹುದು, ಅದು ಬೇಡ. ಜಮೀನು ಬಿಟ್ಟುಕೊಡಲು ಮಾಲೀಕನಿಗೆ ಮನಸ್ಸಿಲ್ಲ, ಅದೂ ಬೇಡ. ಇದನ್ನು ಓದುವಾಗ ನನಗೆ ಪ್ರತಿ ಸಲವೂ ಸಂಕಟವಾಗುತ್ತದೆ. ಮಾರುವ ಮನಸ್ಸೇ ಇಲ್ಲದವನ ಹೊಲಕ್ಕೆ, ಮನಸಾರೆ ಮಾರಿದವನ ಬೆಲೆ ಕಟ್ಟುವ ಪದ್ಧತಿ ಇದು.

ಬಲವಂತವಾಗಿ ಕಿತ್ತುಕೊಳ್ಳುವುದಕ್ಕೆ ಸಮಾಧಾನ ಎಂದು ಬೆಲೆಯ ಮೇಲೆ ಶೇ 15ರಷ್ಟು ಸೊಲೇಷಿಯಂ ಸೇರಿಸುತ್ತಿದ್ದರು. 1984ರ ತಿದ್ದುಪಡಿ ಅದನ್ನು ಶೇ 30 ಮಾಡಿತು. ಅಧಿಸೂಚನೆಯಿಂದ ಐತೀರ್ಪಿನವರೆಗೆ (ಪರಿಹಾರ ಇಷ್ಟು ಎಂದು ಅಧಿಕಾರಿ ಹೊರಡಿಸುವ ಆದೇಶ), ಅಥವಾ ಅದಕ್ಕೂ ಮೊದಲೇ ಜಮೀನು ವಶಕ್ಕೆ ಪಡೆದರೆ ಆ ದಿನದವರೆಗೆ, ವರ್ಷಕ್ಕೆ ಶೇ 12ರಂತೆ ಹೆಚ್ಚುವರಿ ಮೊತ್ತವೂ ಬಂತು. ಮೊದಲ ಅಂಕಿ ಹೇಗೆ ಹುಟ್ಟುತ್ತದೆ ಎಂಬುದು ಮಾತ್ರ ಹಾಗೇ ಉಳಿಯಿತು.

2014ರ ಜನವರಿ 1ರಿಂದ ಹೊಸ ಕಾಯ್ದೆ ಜಾರಿಗೆ ಬಂತು. 2013ರ ಕಾಯ್ದೆ ಅಂತ ಎಲ್ಲರೂ ಕರೆಯುವುದು ಇದನ್ನೇ. ಇದರಲ್ಲಿ ಮಾರ್ಗಸೂಚಿ ದರವನ್ನು, ಅಂದರೆ ನೋಂದಣಿಗಾಗಿ ಸರ್ಕಾರ ಗೊತ್ತುಮಾಡಿದ ಬೆಲೆಯನ್ನು ನೋಡುತ್ತಾರೆ. ಜೊತೆಗೆ ಅಕ್ಕಪಕ್ಕದಲ್ಲಿ ಹಿಂದಿನ ಮೂರು ವರ್ಷ ನೋಂದಣಿಯಾದ ಕ್ರಯಪತ್ರಗಳಲ್ಲಿ ಹೆಚ್ಚು ಬೆಲೆಯ ಅರ್ಧದಷ್ಟನ್ನು ತೆಗೆದುಕೊಂಡು ಸರಾಸರಿ ಕಟ್ಟುತ್ತಾರೆ. ಯಾವುದು ಜಾಸ್ತಿಯೋ ಅದೇ ಆಧಾರ. ಹಳ್ಳಿಯ ಜಮೀನಾದರೆ ಅದನ್ನು 1ರಿಂದ 2ರೊಳಗಿನ ಒಂದು ಅಂಕಿಯಿಂದ ಗುಣಿಸುತ್ತಾರೆ. ಮನೆ, ಬಾವಿ, ಮರಗಳ ಬೆಲೆ ಸೇರಿಸುತ್ತಾರೆ. ಬಂದ ಮೊತ್ತಕ್ಕೆ ಅಷ್ಟೇ ಸೊಲೇಷಿಯಂ, ಅಂದರೆ ಶೇ 100. ‘ನಾಲ್ಕು ಪಟ್ಟು ಪರಿಹಾರ’ ಎಂಬ ಮಾತು ಹುಟ್ಟಿದ್ದು ಇಲ್ಲಿಂದಲೇ.

ಒಂದು ಉದಾಹರಣೆ ಹಾಕಿ ನೋಡೋಣ. ಊರಲ್ಲಿ ಎಕರೆ 50 ಲಕ್ಷಕ್ಕೆ ಮಾರಾಟವಾಗುತ್ತಿದೆ. ನೋಂದಣಿ ಖರ್ಚು ಉಳಿಸಲು ಕ್ರಯಪತ್ರದಲ್ಲಿ 10 ಲಕ್ಷ ಅಂತ ಬರೆಸುತ್ತಾರೆ. ಮಾರ್ಗಸೂಚಿ ದರವೂ ಅಷ್ಟೇ ಇದೆ. ಎರಡು ಪಟ್ಟು ಅಂದರೆ 20 ಲಕ್ಷ, ಸೊಲೇಷಿಯಂ ಸೇರಿ 40 ಲಕ್ಷ. ಹೆಸರಿಗೆ ನಾಲ್ಕು ಪಟ್ಟು. ಆ ದುಡ್ಡು ಹಿಡಿದುಕೊಂಡು ಹೋದರೆ ಪಕ್ಕದಲ್ಲೇ ಒಂದು ಎಕರೆ ಸಿಗುವುದಿಲ್ಲ. ಕ್ರಯಪತ್ರದಲ್ಲಿ ಕಡಿಮೆ ಬರೆಸಿದವರು ಯಾರೋ, ಅದರ ನಷ್ಟ ಹೊರುವವರು ಇನ್ಯಾರೋ.

ಸ್ವಾಧೀನಕ್ಕೆ ಕೈ ಹಾಕುವ ಮೊದಲು ಆ ಭಾಗದ ಬೆಲೆಯನ್ನು ಈಗಿನ ಪೇಟೆ ದರಕ್ಕೆ ಸರಿಹೊಂದಿಸಬೇಕು ಎಂದು ಇದೇ ಕಾಯ್ದೆಯ 26ನೇ ಕಲಂ ಹೇಳುತ್ತದೆ. ಇಡೀ ಕಾಯ್ದೆಯಲ್ಲಿ ರೈತರಿಗೆ ಇದಕ್ಕಿಂತ ಮುಖ್ಯವಾದ ಮಾತು ಇಲ್ಲ ಅನ್ನುವುದು ನನ್ನ ಅಭಿಪ್ರಾಯ. ನಮ್ಮಲ್ಲಿ ಮಾರ್ಗಸೂಚಿ ದರ 2023ರ ಅಕ್ಟೋಬರ್ 1ರಂದು ಬದಲಾದದ್ದು ಸುಮಾರು ಐದು ವರ್ಷದ ನಂತರ. ಆ ಐದು ವರ್ಷದಲ್ಲಿ ಜಮೀನಿನ ಬೆಲೆ ಸುಮ್ನೆ ನಿಂತಿತ್ತಾ?

ಕ್ರಯಪತ್ರ ಬಿಟ್ಟು ಬೆಳೆಯಿಂದ ಬೆಲೆ ಕಟ್ಟುವ ದಾರಿಯೂ ಇದೆ. ಹಳೇ ಕಾಯ್ದೆಯ ಕಾಲದಲ್ಲಿ ಜಮೀನು ಕಳೆದುಕೊಂಡ ಕೃಷ್ಣಾ ತೀರದ ಅನೇಕರು ಕೋರ್ಟಿಗೆ ಹೋದಾಗ ಈ ಲೆಕ್ಕ ಬಳಕೆಗೆ ಬಂತು. ಎಕರೆಯಲ್ಲಿ ಎಷ್ಟು ಕ್ವಿಂಟಲ್ ಬೆಳೆಯುತ್ತದೆ, ಎಪಿಎಂಸಿಯಲ್ಲಿ ಏನು ದರ ಇತ್ತು ಎಂದು ನೋಡುತ್ತಾರೆ. ಅದರಲ್ಲಿ ಅರ್ಧ ಬೇಸಾಯದ ಖರ್ಚಿಗೆ ಕಳೆದು, ಉಳಿದದ್ದನ್ನು 10ರಿಂದ ಗುಣಿಸುತ್ತಾರೆ. ವರ್ಷಕ್ಕೆ 60 ಸಾವಿರದ ಬೆಳೆಯಾದರೆ ಖರ್ಚು ಕಳೆದು 30 ಸಾವಿರ, ಎಕರೆಗೆ 3 ಲಕ್ಷ. ಹತ್ತೇ ಯಾಕೆ? ಆ ಮೊತ್ತವನ್ನು ಶೇ 10ರ ಬಡ್ಡಿಗೆ ಇಟ್ಟರೆ ಹೊಲದಷ್ಟೇ ಆದಾಯ ಬರುತ್ತದೆ ಎಂಬ ತರ್ಕ. ಇವತ್ತು ಯಾವ ದೊಡ್ಡ ಬ್ಯಾಂಕು ಠೇವಣಿಗೆ ಶೇ 10 ಕೊಡುತ್ತದೆ? ಬಡ್ಡಿ ಇಳಿದರೆ ಗುಣಕ ಏರಬೇಕಲ್ವಾ?

ಮೂರನೇ ಹಂತಕ್ಕೆ ಸರ್ಕಾರ ಈ ಎಲ್ಲ ಲೆಕ್ಕ ಬಿಟ್ಟು ನಿಗದಿತ ದರ ಹೇಳಿ, ಒಪ್ಪಂದದ ಐತೀರ್ಪಿನ ದಾರಿ ಹಿಡಿದಿದೆ. ವರ್ಷಗಟ್ಟಲೆ ಕೋರ್ಟಿಗೆ ಅಲೆದವರ ಪಾಡು ನೋಡಿದರೆ ಇದರಲ್ಲಿ ಒಳ್ಳೆಯದೂ ಇದೆ. ವಕೀಲರ ಫೀಸು ಉಳಿಯುತ್ತದೆ, ದುಡ್ಡು ಬೇಗ ಕೈಸೇರಬಹುದು. ಆದರೆ ಒಪ್ಪಿ ಸಹಿ ಹಾಕಿದ ಮೇಲೆ ಹೆಚ್ಚಿಗೆ ಕೇಳಲು ದಾರಿ ಇರುವುದಿಲ್ಲ. ಹಾಗಾಗಿ ಪಹಣಿ ತಿದ್ದಿಸುವುದು, ಜಂಟಿ ಅಳತೆಯ ದಿನ ಹೊಲದಲ್ಲೇ ನಿಂತು ಬಾವಿ, ಪೈಪ್‌ಲೈನ್, ಮಾವಿನ ಮರ ಒಂದೊಂದನ್ನೂ ಬರೆಸುವುದು, ಎಲ್ಲ ಸಹಿಗಿಂತ ಮೊದಲೇ ಆಗಬೇಕು.

ಒಪ್ಪಂದವಿಲ್ಲದೆ ಬರುವ ಸಾಮಾನ್ಯ ಐತೀರ್ಪಿನ ವಿಷಯ ಬೇರೆ. ದರ ಕಡಿಮೆ ಅನ್ನಿಸಿದರೂ ಚೆಕ್ ವಾಪಸ್ ಕಳಿಸಬೇಕಾಗಿಲ್ಲ. ಹಣ ಪಡೆಯುವಾಗ ‘ಆಕ್ಷೇಪಣೆಯೊಂದಿಗೆ ಪಡೆದಿದ್ದೇನೆ’ ಎಂದು ಬರೆದು ಸಹಿ ಹಾಕಬೇಕು. ಹಾಗೆ ಬರೆಯದೆ ಪಡೆದವರು ಆಮೇಲೆ ಹೆಚ್ಚಿನ ಪರಿಹಾರ ಕೇಳಿ ಅರ್ಜಿ ಹಾಕಲು ಬರುವುದಿಲ್ಲ. 1894ರ ಕಾಯ್ದೆಯಲ್ಲೂ ಹೀಗೇ ಇತ್ತು, ಈಗಲೂ ಹೀಗೇ ಇದೆ. ಅರ್ಜಿ ಹಾಕದೇ ಉಳಿದವರಿಗೂ ಒಂದು ಬಾಗಿಲಿದೆ. ಅದೇ ಅಧಿಸೂಚನೆಯಡಿ ಪಕ್ಕದ ಹೊಲದವರಿಗೆ ಪರಿಹಾರ ಹೆಚ್ಚಾದರೆ, ಆ ತೀರ್ಪಿನಿಂದ ಮೂರು ತಿಂಗಳೊಳಗೆ ತಮಗೂ ಅದೇ ದರ ಕೊಡಿ ಎಂದು ಕೇಳಬಹುದು.