ಮೌಲ್‌ಬ್ರೊನ್ ಮಠವನ್ನು ಉಳಿಸಿದ ಮಕ್ಕಳು

ಯುರೋಪಿನಲ್ಲಿ ಸಿಸ್ಟರ್ಶಿಯನ್ ಅನ್ನೋ ಕ್ಯಾಥೊಲಿಕ್ ಸನ್ಯಾಸಿ ಪಂಥದ ಹಳೇ ಮಠ ನೋಡಲು ಹೋದರೆ ಎಷ್ಟೋ ಕಡೆ ಸಿಗೋದು ಮುರಿದ ಗೋಡೆ, ಹುಲ್ಲು ಬೆಳೆದ ನೆಲ. ಸನ್ಯಾಸಿಗಳು ಹೋದ ಮೇಲೆ ಕಲ್ಲನ್ನು ಊರವರೇ ಹೊತ್ತೊಯ್ದರು. ನೈರುತ್ಯ ಜರ್ಮನಿಯ ಮೌಲ್‌ಬ್ರೊನ್‌ಗೆ ಆ ಗತಿ ಬರಲಿಲ್ಲ. ಚರ್ಚು, ಊಟದ ಮನೆ, ಸುತ್ತಲ ಕೋಟೆಗೋಡೆ ಎಲ್ಲವೂ ಗಟ್ಟಿಯಾಗಿ ನಿಂತಿವೆ.

ಸನ್ಯಾಸಿಗಳು ಇಲ್ಲಿಗೆ ಬಂದಿದ್ದು 1147ರಲ್ಲಿ. ಕೈಯಾರೆ ದುಡಿದು ಉಣ್ಣಬೇಕು ಅನ್ನೋದು ಅವರ ಪಂಥದ ಕಟ್ಟಳೆ. ಹಾಗಾಗಿ ಮೊದಲು ಹಿಡಿದ ಕೆಲಸವೇ ನೀರಿನದು. ಕಣಿವೆಯ ತೊರೆಗಳಿಗೆ ಒಡ್ಡು ಹಾಕಿ, ಕಾಲುವೆ ತೋಡಿ, ಕೆರೆಗಳನ್ನು ಕಟ್ಟಿದರು. ಮಾಂಸ ತಿನ್ನದ ಅವರಿಗೆ ಮೀನು ಬೇಕಿತ್ತು, ಗಿರಣಿ ತಿರುಗಲು ನೀರಿನ ರಭಸ ಬೇಕಿತ್ತು. ಊಟದ ಮನೆಯ ಬಾಗಿಲಿಗೆ ಎದುರಾಗಿ ಕಾರಂಜಿಯ ಮಂಟಪವೊಂದಿದೆ. ಕೈ ತೊಳೆದೇ ಊಟಕ್ಕೆ ಹೋಗುತ್ತಿದ್ದರು.

ಚರ್ಚಿನೊಳಗೆ ಮಾತ್ರ ಒಂದು ಕಲ್ಲಿನ ಅಡ್ಡಗೋಡೆ ಇದೆ. ಆ ಕಡೆ ಓದು ಬಲ್ಲ ಸನ್ಯಾಸಿಗಳು, ಈ ಕಡೆ ಹೊಲ-ಗದ್ದೆಯಲ್ಲಿ ಬೆವರು ಸುರಿಸುವ, ‘ಸಹೋದರರು’ ಅನ್ನಿಸಿಕೊಂಡ ಮಠದ ದುಡಿಮೆಗಾರರು. ಅಷ್ಟೆಲ್ಲ ದುಡಿದವರನ್ನು ದೇವರ ಮುಂದೆಯೂ ಬೇರೆ ನಿಲ್ಲಿಸಿದ್ದರಲ್ಲ ಅಂತ ನನಗೆ ನಿಜಕ್ಕೂ ಸಂಕಟವಾಗುತ್ತದೆ.

1534ರಲ್ಲಿ ಈ ವುರ್ಟೆಂಬರ್ಗ್ ಸೀಮೆ ಕ್ಯಾಥೊಲಿಕ್ ಪಂಥ ಬಿಟ್ಟು, ಮಠದ ಸನ್ಯಾಸವನ್ನು ಒಪ್ಪದ ಪ್ರೊಟೆಸ್ಟಂಟ್ ಪಂಥಕ್ಕೆ ಸೇರಿತು. ಮಠ ಖಾಲಿಯಾಗಿ ಹಾಳು ಬೀಳುವ ಸಮಯ ಅದು. ಆದರೆ 1556ರಲ್ಲಿ ಕ್ರಿಸ್ಟೋಫ್ ದೊರೆ ಇಲ್ಲಿ ಹುಡುಗರಿಗೆ ಶಾಲೆ ತೆರೆದ. ಹೊಸ ಪಂಥಕ್ಕೆ ಪಾದ್ರಿಗಳು ಬೇಕಿದ್ದರು, ಮಠದಲ್ಲಿ ಮಲಗಲು, ಉಣ್ಣಲು, ಓದಲು ಜಾಗ ಸಿದ್ಧವಿತ್ತು. ಜನ ವಾಸ ಮಾಡುವ ಮನೆಯ ಸೂರು ಸೋರಿದರೆ ಯಾರಾದರೂ ಹೆಂಚು ಹೊದಿಸುತ್ತಾರೆ, ಅಲ್ವಾ? ಮೌಲ್‌ಬ್ರೊನ್ ಉಳಿದಿದ್ದು ಹಾಗೆ.

ಗ್ರಹಗಳ ಚಲನೆಯ ನಿಯಮ ಕಂಡುಹಿಡಿದ ಕೆಪ್ಲರ್ 1586ರಲ್ಲಿ ಇಲ್ಲಿಗೆ ಓದಲು ಬಂದ. ಮುಂದೆ ಮಲಯಾಳಂ ನಿಘಂಟು ಮಾಡಿದ ಹರ್ಮನ್ ಗುಂಡರ್ಟ್ ಕೂಡ ಇಲ್ಲೇ ಓದಿದವರು. ಅವರ ಅಳಿಯ ಯೊಹಾನೆಸ್ ಹೆಸ್ಸೆ ಬಾಸೆಲ್ ಮಿಷನ್ ಕೆಲಸಕ್ಕೆಂದು ನಮ್ಮ ಮಂಗಳೂರಿಗೆ ಬಂದಿದ್ದರು. ಆ ಯೊಹಾನೆಸ್ ಮಗನೇ ಮುಂದೆ ನೊಬೆಲ್ ಪಡೆದ ಲೇಖಕ ಹರ್ಮನ್ ಹೆಸ್ಸೆ. 1891ರಲ್ಲಿ, ಹದಿನಾಲ್ಕರ ವಯಸ್ಸಿನಲ್ಲಿ, ಅವನನ್ನೂ ಇದೇ ಶಾಲೆಗೆ ಸೇರಿಸಿದರು. ತಾತನಿಗೆ ಒಗ್ಗಿದ ಶಿಸ್ತು ಮೊಮ್ಮಗನಿಗೆ ಉಸಿರು ಕಟ್ಟಿಸಿತು. ಮರುವರ್ಷದ ಮಾರ್ಚ್‌ನಲ್ಲಿ, ಇನ್ನೂ ಚಳಿ ಇರುವಾಗಲೇ, ಹುಡುಗ ಓಡಿಹೋದ. ಇಡೀ ರಾತ್ರಿ ಹೊರಗೇ ಕಳೆದ. ಕೆಲವೇ ತಿಂಗಳಲ್ಲಿ ಶಾಲೆಯನ್ನೂ ಬಿಟ್ಟ.

1993ರಲ್ಲಿ ಯುನೆಸ್ಕೋ ಈ ಮಠವನ್ನು ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು. ಶಾಲೆ ಈಗಲೂ ನಡೆಯುತ್ತಿದೆ. ಹುಡುಗರ ಜೊತೆ ಹುಡುಗಿಯರೂ ಅಲ್ಲೇ ಉಳಿದು ಓದುತ್ತಾರೆ.